ಎದೆಯ ರೋಗಕ್ಕೆ ಮದ್ದು, ಮನದ ರೋಗಕ್ಕೆ ಬುದ್ಧಿವಾದವೆ?

ಬೆಳಗಾವಿ ಜಿಲ್ಲೆಯ ಸುಳೇಭಾವಿಯಲ್ಲಿ ಹುಟ್ಟಿದ ಕುಮಾರ ಗಂಧರ್ವರಿಗೆ ಇಪ್ಪತ್ತೈದು ತುಂಬುವ ಮೊದಲೇ ಕ್ಷಯ ತಗುಲಿತು. ಹಾಡಲೇಕೂಡದೆಂದು ವೈದ್ಯರ ಕಟ್ಟಪ್ಪಣೆ. ದೇವಾಸ್ ಊರಿನ ಮನೆಯಲ್ಲಿ ವರ್ಷಗಟ್ಟಲೆ ಮೌನ. ಆಮೇಲೆ ಸ್ಟ್ರೆಪ್ಟೊಮೈಸಿನ್ ಸಿಕ್ಕಿತು. 1953ರ ಹೊತ್ತಿಗೆ ಅವರು ಮತ್ತೆ ವೇದಿಕೆ ಏರಿದರು. ‘ಮನಸ್ಸು ಗಟ್ಟಿ ಮಾಡಿಕೋ, ಕ್ಷಯ ತಾನಾಗಿ ಹೋಗುತ್ತದೆ’ ಎಂದು ಯಾರಾದರೂ ಹೇಳಿದ್ದರೆ ಊರೇ ನಗುತ್ತಿತ್ತು. ರೋಗ ಮನಸ್ಸಿನದಾದರೆ ಮಾತ್ರ ಅದೇ ಮಾತು ದಿವ್ಯೌಷಧ!

ರಷ್ಯದ ರಾಖ್ಮನಿನೋಫ್ ಕಥೆ ನೋಡಿ. 1897ರಲ್ಲಿ ಅವನ ಮೊದಲ ಸಿಂಫನಿ ನೆಲಕಚ್ಚಿತು, ವಿಮರ್ಶಕರು ಹರಿದುಹಾಕಿದರು. ಆಗ ಅವನಿಗೆ ಇಪ್ಪತ್ನಾಲ್ಕೂ ತುಂಬಿರಲಿಲ್ಲ. ಒಂದು ಪರೀಕ್ಷೆಯಲ್ಲಿ ನಪಾಸಾದ ಹುಡುಗನಂತೆ ಕುಸಿದುಹೋದ. ಸುಮಾರು ಮೂರು ವರ್ಷ ಹೇಳಿಕೊಳ್ಳುವಂಥದ್ದೇನನ್ನೂ ಬರೆಯಲಿಲ್ಲ. ಬಂಧುಗಳು 1900ರಲ್ಲಿ ಅವನನ್ನು ನಿಕೊಲಾಯ್ ಡಾಲ್ ಎಂಬ ವೈದ್ಯನ ಬಳಿ ಕಳಿಸಿದರು. ಸಮ್ಮೋಹನದ ಜೊತೆಗೆ ದಿನವೂ ಮಾತುಕತೆ. ಸ್ವತಃ ಸಂಗೀತ ಬಲ್ಲ ಆ ವೈದ್ಯ ಅವನನ್ನು ಕೂರಿಸಿ ಕೇಳಿಸಿಕೊಂಡ. ಮರುವರ್ಷವೇ ಎರಡನೆಯ ಪಿಯಾನೊ ಕಾನ್ಸರ್ಟೊ ಪೂರ್ಣಗೊಂಡು ಜಗತ್ಪ್ರಸಿದ್ಧವಾಯಿತು. ಅದರ ಅರ್ಪಣೆ ಗುರುವಿಗಲ್ಲ, ದೊರೆಗಲ್ಲ, ಡಾಲ್‌ಗೆ.

ರೋಣದಲ್ಲಿ ಹುಟ್ಟಿದ ಭೀಮಸೇನ ಜೋಶಿಯವರನ್ನು ಕುಡಿತ ಬಹುಕಾಲ ಕಾಡಿತ್ತು. ಅದು ಬಿಟ್ಟ ಮೇಲೂ ದಶಕಗಳ ಕಾಲ ಹಾಡಿದರು, ‘ಭಾರತರತ್ನ’ರಾದರು. ಕುಡಿತದ ಚಟವನ್ನೂ ವೈದ್ಯಶಾಸ್ತ್ರ ರೋಗವೆಂದೇ ಎಣಿಸುತ್ತದೆ.

ಜಡೆಯಂಥ ಊರಿನ ಹುಡುಗನ ಮೊಬೈಲಿನಲ್ಲೂ ಇಂದು ಕರ್ಟ್ ಕೋಬೇನ್ ಹಾಡುತ್ತಾನೆ. 1994ರಲ್ಲಿ, 27ರ ಪ್ರಾಯದಲ್ಲಿ ಆತ್ಮಹತ್ಯೆಯಿಂದ ತೀರಿಕೊಂಡ ಅಮೆರಿಕದ ಗಾಯಕ. ನೋವೇ ಅವನಿಂದ ಹಾಡಿಸಿತು ಎಂಬ ಕಥೆಯೂ ಹಾಡಿನ ಜೊತೆಗೇ ಬರುತ್ತದೆ. ಇದು ಅಪ್ಪಟ ಸುಳ್ಳು. ಜರ್ಮನಿಯ ಶೂಮನ್ ನೂರಕ್ಕೂ ಹೆಚ್ಚು ಗೀತೆಗಳಿಗೆ ಸಂಗೀತ ಕಟ್ಟಿದ್ದು 1840ರಲ್ಲಿ, ಮೆಚ್ಚಿದ ಹುಡುಗಿಯನ್ನು ಮದುವೆಯಾದ ವರ್ಷ. ಮಾನಸಿಕ ಆಸ್ಪತ್ರೆಯಲ್ಲಿ ಕಳೆದ ಕೊನೆಯ ಎರಡು ವರ್ಷಗಳಲ್ಲಿ ಬರೆದದ್ದು ಅತ್ಯಲ್ಪ. ರೋಗ ಅವನ ಸಂಗೀತವನ್ನು ಕಿತ್ತುಕೊಂಡಿತು.

ಆದ್ದರಿಂದ ಹಾರ್ಮೋನಿಯಂ ಮೂಲೆಗಿಟ್ಟು, ನಿದ್ದೆಗೆಟ್ಟು, ‘ನಾನಿದ್ದೇನು ಪ್ರಯೋಜನ’ ಎನ್ನುವ ಮಗನನ್ನು ಸೋಮಾರಿ ಎಂದು ಜರೆಯಬೇಡಿ. ‘ಸಾಯಬೇಕೆನ್ನಿಸುತ್ತಿದೆಯೇನಪ್ಪ?’ ಎಂದು ನೇರವಾಗಿಯೇ ಕೇಳಿ. ಕೇಳುವುದರಿಂದ ಇಲ್ಲದ ಯೋಚನೆ ಹುಟ್ಟುವುದಿಲ್ಲವೆಂದು ಅಧ್ಯಯನಗಳು ಹೇಳುತ್ತವೆ. ಎಷ್ಟೋ ಸಲ ಮನಸ್ಸು ಹಗುರಾಗುತ್ತದೆ. ‘ಹೌದು’ ಎಂದರೆ ಒಂಟಿಯಾಗಿ ಬಿಡದೆ ವೈದ್ಯರಲ್ಲಿಗೆ ಕರೆದೊಯ್ಯಿರಿ. ಸೊರಬದ ಹಳ್ಳಿಗಳಿಂದ ಶಿವಮೊಗ್ಗ ದೂರವೇ ಸರಿ. ಆದರೆ 2022ರಲ್ಲಿ ಆರಂಭವಾದ ‘ಟೆಲಿ ಮಾನಸ್’ ಸಹಾಯವಾಣಿ 14416 ಹಗಲೂ ರಾತ್ರಿ ಇದೆ, ಕರೆಗೆ ಕಾಸಿಲ್ಲ, ಮಾತು ಕನ್ನಡದಲ್ಲೇ. ಕರೆ ಮಾಡಲು ಹುಡುಗರು ಅಪ್ಪನ ಅಪ್ಪಣೆಗೆ ಕಾಯಬೇಕಾಗಿಲ್ಲ.