ಕಿವಿಯೋಲೆ ಕಳಕೊಂಡ ಎಮ್ಮೆ

ಹೋದ ಮಳೆಗಾಲದಲ್ಲಿ ನಮ್ಮ ಎಮ್ಮೆ ಮುಳ್ಳುತಂತಿಗೆ ಕಿವಿ ಹರಿದುಕೊಂಡು ಹಳದಿ ಓಲೆ ಕಳಕೊಂಡಿತು. ಲಸಿಕೆ ಹಾಕಲು ಬಂದವರು ಹೊಸ ಓಲೆ ಹೊಡೆದು ಹೋದರು. ಮುಂದೆ ಡಾಕ್ಟರು ಬಂದು ಆ 12 ಅಂಕಿ ಮೊಬೈಲಿಗೆ ಹಾಕಿದರೆ, ಎರಡು ಸಲ ಈದ ಎಮ್ಮೆಗೆ ಹಿಂದಿನ ಲೆಕ್ಕವೇ ಇಲ್ಲ. ಓಲೆ ಬದಲಾಗಿದೆ ಎಂದು ಬರೆಯುವ ಬದಲು ಹೊಸ ಎಮ್ಮೆ ಎಂದು ಬರೆದುಬಿಟ್ಟಿದ್ದರು.

“ಹಾಲು ಕೊಡೂದು ಎಮ್ಮಿನೋ, ನಂಬರೋ?” ಎಂದಳು ಅವ್ವ.

ನಾವೂ ನಕ್ಕು ಬಿಡುತ್ತಿದ್ದೆವು. ಆದರೆ 2024ರ ಅಕ್ಟೋಬರ್‌ನಲ್ಲಿ ಕಳಿಸಿದ್ದ ಸುದ್ದಿಯೊಂದು ನೆನಪಾಯಿತು. ಮಹಾರಾಷ್ಟ್ರದ ವಾಶಿಮ್‌ನಲ್ಲಿ ಪ್ರಧಾನಿಯವರು ದನಗಳಿಗೆ ‘ಗೌ ಚಿಪ್’, ಎಮ್ಮೆಗಳಿಗೆ ‘ಮಹಿಷ ಚಿಪ್’ ಬಿಡುಗಡೆ ಮಾಡಿದ್ದರು. ಪ್ರಕಟಣೆ ನೋಡಿ ಎಂಟು ಸಾಲು ಬರೆದಿದ್ದೆವು. ಅರ್ಥವಾಗಿತ್ತು ಎಂದರೆ ಸುಳ್ಳಾದೀತು. ಕಾಗವಾಡದ ಓದುಗರೊಬ್ಬರು ಫೋನ್ ಮಾಡಿ, “ಚಿಪ್ ಕಿವಿಯೊಳಗ ಹಾಕ್ತಾರೋ, ಹೊಟ್ಟಿಯೊಳಗೋ ರೀ?” ಎಂದಾಗ ತಡವರಿಸಿದ್ದೆವು.

ಎಲ್ಲಿಯೂ ಹಾಕುವುದಿಲ್ಲ. ಅದು ಪ್ರಯೋಗಾಲಯದಲ್ಲೇ ಇರುವ ಸಣ್ಣ ಪಟ್ಟಿ. ರಕ್ತದಿಂದ ತೆಗೆದ ಡಿಎನ್‌ಎಯಲ್ಲಿ ಸಾವಿರಾರು ಗುರುತುಗಳನ್ನು ಓದುತ್ತದೆ. ಇಂಥ ಚಿಪ್ ಮೊದಲೂ ಇದ್ದವು. 2021ರಲ್ಲಿ ಹೈದರಾಬಾದಿನ ರಾಷ್ಟ್ರೀಯ ಪ್ರಾಣಿ ಜೈವಿಕ ತಂತ್ರಜ್ಞಾನ ಸಂಸ್ಥೆ ತಂದ ‘ಇಂಡಿಗೌ’ 11,496 ಗುರುತು ಓದುವಂಥದ್ದು. ರಾಷ್ಟ್ರೀಯ ಡೇರಿ ಅಭಿವೃದ್ಧಿ ಮಂಡಳಿಯ ‘ಇಂಡಸ್‌ಚಿಪ್’ ಬೇರೆ. ಒಂದು ಓದಿದ ಜಾಗವನ್ನು ಇನ್ನೊಂದು ಓದದಿದ್ದರೆ ಎರಡರ ಲೆಕ್ಕ ಕೂಡಿಸುವುದು ಕಷ್ಟ. ಒಂದು ಕಾಗದದಲ್ಲಿ ನಿಪ್ಪಾಣಿ, ಇನ್ನೊಂದರಲ್ಲಿ ನಿಪಾಣಿ ಎಂದಿದ್ದರೆ ಕಂಪ್ಯೂಟರಿಗೆ ಅವು ಎರಡು ಊರು, ಹಾಗೆ. ಅದಕ್ಕೇ ಎಲ್ಲರಿಗೂ ಒಂದೇ ಚಿಪ್ ಎಂಬ ಯೋಚನೆ.

ಚಿಪ್ ಒಂದಾದರೂ ಅರ್ಧ ಕೆಲಸವೇ. ಯಾವ ಗುರುತಿನ ಎಮ್ಮೆ ಎಷ್ಟು ಹಾಲು ಕೊಟ್ಟಿತು ಎಂದು ಹೊಂದಿಸಿ ನೋಡಬೇಕು. ಆಗ ಒಳ್ಳೆಯ ಕೋಣವನ್ನು ಕರುವಿದ್ದಾಗಲೇ ಆರಿಸಬಹುದು, ಅದರ ಹೆಣ್ಣುಕರುಗಳು ಬೆಳೆದು ಹಾಲು ಕೊಡುವವರೆಗೆ ವರ್ಷಗಟ್ಟಲೆ ಕಾಯಬೇಕಿಲ್ಲ. ನಮ್ಮೂರಿಗೆ ವೀರ್ಯ ನಳಿಕೆ ಬರುವುದು ಆರಿಸಿದ ಕೋಣದಿಂದ. ಡಿಎನ್‌ಎ ಒಂದು ಕಡೆ, ಹಾಲಿನ ಲೆಕ್ಕ ಇನ್ನೊಂದು ಕಡೆ, ನಡುವಿನ ಕೊಂಡಿ ಕಿವಿಯ ಆ 12 ಅಂಕಿ.

ನಮ್ಮದೊಂದು ತಕರಾರೂ ಇದೆ. ಅಥಣಿ, ರಾಯಬಾಗ ಕಡೆಯ ಖಿಲಾರಿ ಹಾಲಿನ ತಳಿಯಲ್ಲ, ದುಡಿಮೆಯದು. ಚಿಕ್ಕೋಡಿ ರಸ್ತೆಯಲ್ಲಿ ಎತ್ತು ಕಬ್ಬಿನ ಗಾಡಿ ಎಳೆದದ್ದನ್ನು ಯಾವ ಕಾಲಂನಲ್ಲಿ ಬರೆಯುವುದು? ಯಾರೂ ಬರೆದಿಡದ ಗುಣವನ್ನು ಚಿಪ್ ಹೇಗೆ ಹುಡುಕೀತು?

ಓಲೆ ಕಿವಿಯಲ್ಲಿರುವಾಗಲೇ ಒಂದು ಫೋಟೊ ತೆಗೆದಿಟ್ಟುಕೊಳ್ಳಿ. ನಾವು ತೆಗೆದಿರಲಿಲ್ಲ. ಹಳೆಯ ನಂಬರ್ ಕೊನೆಗೆ ವಿಮೆ ಕಾಗದದ ಮೇಲೆ ಸಿಕ್ಕಿತು. ಎರಡನ್ನೂ ಸೇರಿಸಿರಿ ಎಂದು ಅರ್ಜಿ ಕೊಟ್ಟು ಬಂದೆವು. ಮೊನ್ನೆ ಮತ್ತೆ ನೋಡಿಸಿದರೆ, ಮೊಬೈಲಿನಲ್ಲಿ ಇನ್ನೂ ಎರಡು ಎಮ್ಮೆ ಇವೆ.