ಮಹಡಿಗೆ ಕೇಳಿಬಂದ ಹಳೆಯ ರಾಗ



ನಿಮ್ಮ ಮನೆಯಲ್ಲಿ ಯಾರಿಗಾದರೂ ಮರೆವಿನ ಕಾಯಿಲೆ ಇದೆಯೇ? ಇದ್ದರೆ, ಹಳೆಯ ಫೋಟೋಗಳನ್ನು ಮುಂದೆ ಹಿಡಿದು "ಇವರು ಯಾರು, ಹೇಳಿ ನೋಡೋಣ" ಎಂದು ಅವರನ್ನು ಕೇಳಿದ ಅನುಭವ ನಿಮಗೂ ಇದ್ದೀತು. ನನ್ನ ತಾಯಿಯನ್ನು ಹಾಗೆ ಕೇಳಿ ಕೇಳಿ ದಣಿಸಿದವನು ನಾನು. ಅದು ಪ್ರೀತಿಯೋ ಹಟವೋ ಎಂಬ ಪ್ರಶ್ನೆಯನ್ನು ನನ್ನಲ್ಲಿ ಎಬ್ಬಿಸಿದ್ದು ಒಂದು ಗಿಟಾರ್ ಆಲ್ಬಂ.

ಅದರ ಹೆಸರು 'ಜಾಯಸ್ ಲೇಕ್', ಅಂದರೆ ಆನಂದ ಸರೋವರ. ಅಮೆರಿಕದ ಫಿಲಡೆಲ್ಫಿಯಾದಲ್ಲಿ 1944ರಲ್ಲಿ ಜನಿಸಿದ ಪ್ಯಾಟ್ ಮಾರ್ಟಿನೊ ಅವರು 1977ರಲ್ಲಿ ಹೊರತಂದ ಕೃತಿಯಿದು. ಜಾಝ್ ಸಂಗೀತದ ಸ್ವಚ್ಛಂದ ಕಲ್ಪನೆಗೆ ರಾಕ್ ಸಂಗೀತದ ಬಿರುಸಾದ ಲಯವನ್ನೂ ವಿದ್ಯುತ್ ವಾದ್ಯಗಳನ್ನೂ ಬೆಸೆಯುವ ಈ ಶೈಲಿಗೆ ಫ್ಯೂಷನ್ ಎನ್ನುತ್ತಾರೆ. ಗಿಟಾರ್, ಕೀಬೋರ್ಡ್, ಬೇಸ್, ಡ್ರಮ್ಸ್ ಹಿಡಿದ ನಾಲ್ವರು ಕಲಾವಿದರು ಇಲ್ಲಿ ಒಂದಾಗಿದ್ದಾರೆ. ಮಾರ್ಟಿನೊ ಅವರ ಸ್ವರಗಳು ಜಪಸರದ ಮಣಿಗಳಂತೆ ಒಂದರ ಹಿಂದೊಂದು ಸಮನಾಗಿ, ಎಲ್ಲೂ ಕಡಿಯದೆ ಸಾಗುತ್ತವೆ.

ಆದರೆ ಆ ಬೆರಳುಗಳ ಹಿಂದೆ ನೋವಿತ್ತು. ಅವರ ಮಿದುಳಿನ ರಕ್ತನಾಳಗಳು ಸಹಜವಲ್ಲದ ರೀತಿಯಲ್ಲಿ ಹೆಣೆದುಕೊಂಡಿದ್ದವು. ಪದೇ ಪದೇ ಬರುತ್ತಿದ್ದ ಮೂರ್ಛೆಯನ್ನು ಬಹುಕಾಲ ಮಾನಸಿಕ ಕಾಯಿಲೆಯೆಂದೇ ತಿಳಿಯಲಾಗಿತ್ತು. 1980ರಲ್ಲಿ ಮಿದುಳಿನ ಶಸ್ತ್ರಚಿಕಿತ್ಸೆಯಾಯಿತು. ಪ್ರಾಣ ಉಳಿಯಿತು, ನೆನಪು ಉಳಿಯಲಿಲ್ಲ. ಹೆತ್ತವರು ಅಪರಿಚಿತರಾದರು; ಗಿಟಾರ್ ಯಾರದೋ ವಸ್ತುವಾಯಿತು.

ಸ್ವತಃ ಗಾಯಕರಾಗಿದ್ದ ಅವರ ತಂದೆ ಮನೆಯಲ್ಲಿ ಮಗನ ಹಳೆಯ ಧ್ವನಿಮುದ್ರಿಕೆಗಳನ್ನು ಮತ್ತೆ ಮತ್ತೆ ಹಾಕುತ್ತಿದ್ದರು. ಆ ನಾದ ಗೋಡೆಗಳನ್ನು ದಾಟಿ ಮಹಡಿಯಲ್ಲಿ ಮಲಗಿದ್ದ ಮಗನನ್ನು ತಲುಪುತ್ತಿತ್ತು. ಅದು ಮಗನಿಗೆ ಸಾಂತ್ವನವಾಗಿರಲಿಲ್ಲ, ಹಿಂಸೆಯಾಗಿತ್ತು. ತಾನು ಹೀಗಿದ್ದೆನೆಂಬುದೇ ತಿಳಿಯದವನಿಗೆ, ಹೀಗೆಯೇ ಇರಬೇಕೆಂಬ ಕರೆ ಎಷ್ಟು ಭಾರವಾಗಿದ್ದಿರಬೇಕು! ಇದನ್ನು ತಿಳಿದಾಗ ಫೋಟೋಗಳ ಮುಂದೆ ತಲೆ ತಗ್ಗಿಸಿ ಕುಳಿತಿದ್ದ ನನ್ನ ತಾಯಿಯ ಮುಖ ಕಣ್ಣಮುಂದೆ ಬಂದಿತು.

ಕೊನೆಗೆ ಮಾರ್ಟಿನೊ ಗಿಟಾರನ್ನು ಕೈಗೆತ್ತಿಕೊಂಡದ್ದು ಹಳೆಯ ಕೀರ್ತಿಗಾಗಿ ಅಲ್ಲ. ಕುಗ್ಗಿದ ಮನಸ್ಸಿಗೆ ಒಂದು ಆಸರೆಯಾಗಿ. ನುಡಿಸುತ್ತಾ ಹೋದಂತೆ ಬೆರಳುಗಳು ತಮ್ಮ ನೆನಪನ್ನು ತೆರೆದವು. ತಾವೇ ಹೊರತಂದಿದ್ದ ಧ್ವನಿಮುದ್ರಿಕೆಗಳು ಅವರಿಗೆ ಗುರುವಾದವು. 1987ರಲ್ಲಿ ಅವರು ಮರಳಿ ವೇದಿಕೆಯೇರಿದರು. ಬಳಿಕ ತಂದೆತಾಯಿ ಅಸ್ವಸ್ಥರಾದಾಗ ವಾದ್ಯವನ್ನು ಬದಿಗಿಟ್ಟು ಅವರ ಆರೈಕೆಗೆ ನಿಂತರು. ಒಮ್ಮೆ ಗುರುತೇ ಸಿಗದಿದ್ದ ಹೆತ್ತವರ ಹಾಸಿಗೆಯ ಬಳಿ ಆ ಮಗನಿದ್ದ.

ತಾಯಿ ತನ್ನ ಮಗುವನ್ನು ಮರೆತರೂ ತಾನು ಮರೆಯೆನೆಂದು, ನಮ್ಮನ್ನು ತನ್ನ ಅಂಗೈಯಲ್ಲೇ ಕೆತ್ತಿಕೊಂಡಿರುವೆನೆಂದು ದೇವರು ನುಡಿಯುವುದನ್ನು ಪ್ರವಾದಿ ಯೆಶಾಯನ ಗ್ರಂಥದ 49ನೇ ಅಧ್ಯಾಯದಲ್ಲಿ ಓದುತ್ತೇವೆ. ನಾವು ಯಾರೆಂಬುದು ನಮ್ಮ ನೆನಪನ್ನು ಅವಲಂಬಿಸಿಲ್ಲ; ನಮ್ಮನ್ನು ನೆನೆಯುವವನನ್ನು ಅವಲಂಬಿಸಿದೆ. ಹಾಗೆಂದ ಮೇಲೆ ಮರೆತವರನ್ನು ಪರೀಕ್ಷಿಸುವ ಅಗತ್ಯವಾದರೂ ಏನು? ಅವರಿಗಾಗಿ ನಾವೇ ನೆನಪಿಟ್ಟುಕೊಂಡರೆ ಸಾಲದೇ?

ಈಗ ನಾನು ಅಮ್ಮನನ್ನು ಪ್ರಶ್ನಿಸುವುದಿಲ್ಲ. ಸಂಜೆ ಅವರ ಪಕ್ಕದಲ್ಲಿ ಕುಳಿತು ಜಪಸರ ಹೇಳುತ್ತೇನೆ. ಕೆಲವು ದಿನ ತುಟಿಗಳು ಜೊತೆಗೂಡುತ್ತವೆ, ಕೆಲವು ದಿನ ಇಲ್ಲ. ಎರಡೂ ದಿನಗಳಲ್ಲಿ ಅವರು ನನ್ನ ಅಮ್ಮನೇ.

ಮಾರ್ಟಿನೊ ನಿಧನರಾದದ್ದು 2021ರ ನವೆಂಬರ್ 1ರಂದು, ಧರ್ಮಸಭೆ ಸಕಲ ಸಂತರನ್ನು ಸ್ಮರಿಸುವ ದಿನ. ಹೆಸರು ಗೊತ್ತಿರುವ ಸಂತರ ಜೊತೆಗೆ, ಲೋಕ ಮರೆತ ಸಂತರನ್ನೂ ನಾವು ಅಂದು ನೆನೆಯುತ್ತೇವೆ. ಪ್ರಿಯರೇ, ನಿಮ್ಮ ಮನೆಯಲ್ಲಿಯೂ ಅಂಥವರೊಬ್ಬರಿದ್ದರೆ, ಇಂದು ಸಂಜೆ ಪ್ರಶ್ನೆಗಳನ್ನು ಬದಿಗಿಟ್ಟು ಅವರ ಪಕ್ಕದಲ್ಲಿ ಸ್ವಲ್ಪ ಹೊತ್ತು ಕುಳಿತುಕೊಳ್ಳಿ.