ಹೊತ್ತಪ್ಪನ ನೆರಳು

ನನ್ನ ಅಜ್ಜಿಗೆ ಗಡಿಯಾರ ನೋಡಲು ಬರುತ್ತಿರಲಿಲ್ಲ. ಹೊತ್ತು ಮಾತ್ರ ಚೆನ್ನಾಗಿ ಗೊತ್ತಿತ್ತು. ಕೋಳಿ ಕೂಗೋ ಹೊತ್ತು, ದನ ಬಿಡೋ ಹೊತ್ತು, ಹೊಲಕ್ಕೆ ಬುತ್ತಿ ಹೊರೋ ಹೊತ್ತು, ದೀಪ ಹಚ್ಚೋ ಹೊತ್ತು. ನಮ್ಮ ಕಡೆ ಸೂರ್ಯನಿಗೂ ಕಾಲಕ್ಕೂ ಒಂದೇ ಮಾತು. ಹೊತ್ತು ಮೂಡುತ್ತದೆ, ನೆತ್ತಿಗೆ ಬರುತ್ತದೆ, ಇಳಿಯುತ್ತದೆ, ಮುಳುಗುತ್ತದೆ. ಹೊತ್ತಿಗೆ ಮುಂಚೆ ಬಂದರೂ ಬೈಗುಳ, ಹೊತ್ತು ಮೀರಿ ಬಂದರೂ ಬೈಗುಳ. ದಿನವಿಡೀ ಹೀಗೆ ಹೊತ್ತಿನ ಮಾತೇ ಕೇಳುತ್ತಿದ್ದ ನನಗೆ ಒಂಬತ್ತನೇ ವಯಸ್ಸಿನ ಬೇಸಿಗೆ ರಜೆಯಲ್ಲಿ ಹೊತ್ತಪ್ಪ ಎಂಬ ದೇವರು ಹೊಳೆದ.

ಅಜ್ಜಿಯ ಊರು ನಾಗಮಂಗಲದ ಕಡೆಯದು. ಹಿತ್ತಲಲ್ಲಿ ಹುಲ್ಲಿನ ಮೆದೆಯ ಪಕ್ಕ ಹಳೆಯ ಒರಳುಕಲ್ಲಿನ ಗುಂಡೊಂದು ಬಿದ್ದಿತ್ತು. ಅದನ್ನು ಉರುಳಿಸಿ ತಂದು, ಬುಡವನ್ನು ಮಣ್ಣಲ್ಲಿ ಹೂತು ನೆಟ್ಟಗೆ ನಿಲ್ಲಿಸಿದೆವು. ನಾವು ಅಂದರೆ ನಾನು ಮತ್ತು ದೊಡ್ಡಮ್ಮನ ಮಗ. ಅವನಿಗೆ ಆಗ ಆರು ವರ್ಷ. ಅರಿಸಿನ ಕುಂಕುಮ ಹಚ್ಚಿದ ಮೇಲೆ ಅದು ಕಲ್ಲಾಗಿ ಉಳಿಯಲಿಲ್ಲ. ಈ ಮಣ್ಣಿನಲ್ಲಿ ಬೆಳೆದ ಯಾರಿಗೂ ಅದನ್ನು ಬಿಡಿಸಿ ಹೇಳಬೇಕಿಲ್ಲ. ಮಾರನೆಯ ದಿನ ಅದನ್ನು ದಾಟಲು ನನಗೇ ಹೆದರಿಕೆಯಾಯಿತು.

ಹೊತ್ತಪ್ಪನಿಗೆ ಮೈ ಕಲ್ಲಿನದು, ಜೀವ ನೆರಳಿನದು. ಬೆಳಿಗ್ಗೆ ನೆರಳು ಮೆದೆಯವರೆಗೆ ಚಾಚಿಕೊಂಡಿರುತ್ತಿತ್ತು, ಸಂಜೆ ಬೇಲಿಯವರೆಗೆ. ನೆರಳಿನ ತುದಿ ತುಳಿಯಬಾರದು, ತುಳಿದವರಿಗೆ ಆ ದಿನ ಲೆಕ್ಕಕ್ಕಿಲ್ಲ. ‘ಹೊತ್ತೇ ಹೋಗ್ತಿಲ್ಲ’ ಎಂದು ಆಕಳಿಸಬಾರದು, ಅವನಿಗೆ ಸಿಟ್ಟು ಬರುತ್ತದೆ. ಹಗಲೂ ರಾತ್ರಿಯೂ ಸೇರಿ 60 ಗಳಿಗೆ, ಒಂದೊಂದು ಗಳಿಗೆಗೂ 24 ನಿಮಿಷ ಎಂದು ತಾತ ಪಂಚಾಂಗ ಮುಂದಿಟ್ಟುಕೊಂಡು ಹೇಳಿದ್ದರು. ನಾವು ಗಳಿಗೆಗೊಂದರಂತೆ ನೆರಳಿನ ತುದಿಗೆ ಸುಣ್ಣದ ಬೊಟ್ಟಿಡುತ್ತಿದ್ದೆವು. ನೈವೇದ್ಯಕ್ಕೆ ಅಚ್ಚುಬೆಲ್ಲದ ಚೂರು. ಇರುವೆ ಮುತ್ತಿದರೆ ದೇವರು ಒಪ್ಪಿಕೊಂಡ ಎಂದರ್ಥ.

ಕಾಲಕ್ಕೊಬ್ಬ ದೇವರು ನಮ್ಮ ಸೀಮೆಯಲ್ಲಿ ಆಗಲೇ ಇದ್ದ. ಆದಿಚುಂಚನಗಿರಿಯ ಕಾಲಭೈರವ. ಅಮಾವಾಸ್ಯೆಗೆ ಅಜ್ಜಿ ಬೆಟ್ಟ ಹತ್ತಿ ಬರುತ್ತಿದ್ದಳು. “ಬೆಟ್ಟದಾಗೆ ಅಂಥಾ ಭೈರವ ಅವ್ನೆ, ಹಿತ್ಲಾಗೆ ಇನ್ಯಾವನೇ ನಿಂದು?” ಎಂದು ಕೇಳಿದಳು. ಬೆಟ್ಟದವನು ಊರಿಗೆಲ್ಲ ದೇವರು, ನನಗೆ ಬೇಕಾದವನು ನನ್ನ ರಜೆಯನ್ನು ನೋಡಿಕೊಳ್ಳುವವನು. ಅದನ್ನು ಹೇಳಲು ಆಗ ಮಾತು ಸಿಗಲಿಲ್ಲ. ನನ್ನ ಬೇಡಿಕೆ ಒಂದೇ ಆಗಿತ್ತು: ನಿಧಾನ ಹೋಗಪ್ಪ, ಶಾಲೆ ಶುರುವಾಗದ ಹಾಗೆ ಮಾಡು.

ತಮ್ಮನ ಬೇಡಿಕೆ ಬೇರೆಯದು ಎಂದು ಒಂದು ಮಧ್ಯಾಹ್ನ ತಿಳಿಯಿತು. ಅವನ ಅಮ್ಮ ಬೆಂಗಳೂರಿನಲ್ಲಿ ಬಟ್ಟೆ ಹೊಲಿಯುವ ಕಾರ್ಖಾನೆಗೆ ಹೋಗುತ್ತಿದ್ದಳು, ರಜೆ ಮುಗಿದ ಮೇಲೆ ಬಂದು ಕರೆದುಕೊಂಡು ಹೋಗುವವಳು. ಅವನು ಕಲ್ಲಿನ ಕಿವಿ ಇರಬಹುದಾದ ಜಾಗಕ್ಕೆ ಬಾಯಿಟ್ಟು, ‘ಬೇಗ ಬೇಗ ಓಡಪ್ಪ’ ಎನ್ನುತ್ತಿದ್ದ. ನಾನು ಅವನನ್ನು ತಳ್ಳಿದೆ, ಅವನು ನನ್ನ ಜಡೆ ಹಿಡಿದ. ನ್ಯಾಯ ಅಜ್ಜಿಯ ಮುಂದೆ ಹೋಯಿತು. ಅವಳು ಯಾರ ಪರವೂ ಮಾತಾಡದೆ ಇಬ್ಬರಿಗೂ ಒಂದೊಂದು ಲೋಟ ಮಜ್ಜಿಗೆ ಕೊಟ್ಟು, “ಬಿಸ್ಲು ನೆತ್ತಿಗೇರ್‍ತದೆ, ಒಳೀಕ್ ಬನ್ನಿ” ಎಂದಳು.

ಪವಾಡ ನಡೆದದ್ದು ಆ ವಾರವೇ. ನಡು ಮಧ್ಯಾಹ್ನ ಬೊಟ್ಟಿಡಲು ಹೋದರೆ ನೆರಳೇ ಇಲ್ಲ. ಕಲ್ಲಿನ ಸುತ್ತ ಸುತ್ತಿದೆವು, ಬಗ್ಗಿ ನೋಡಿದೆವು. ಮೆದೆಗೆ ಒರಗಿಸಿದ್ದ ಕವೆಗೋಲನ್ನು ನೆಟ್ಟಗೆ ಹಿಡಿದರೆ ಅದಕ್ಕೂ ಇಲ್ಲ. ನಮ್ಮ ನೆರಳುಗಳೂ ನಮ್ಮ ಪಾದದಡಿಯಲ್ಲೇ ಮುದುಡಿಕೊಂಡಿದ್ದವು. ಹೊತ್ತಪ್ಪ ನೆರಳನ್ನು ನುಂಗಿ ನಿಂತಿದ್ದಾನೆ ಎಂದು ತಮ್ಮ ಅತ್ತೇಬಿಟ್ಟ. ನಾನು ಕಣ್ಮುಚ್ಚಿ ಕೈಮುಗಿದೆ. ಕಣ್ಣು ಬಿಟ್ಟಾಗ ನೆರಳು ಮೂಡಣಕ್ಕೆ ಕೂದಲೆಳೆಯಷ್ಟು ಇಣುಕುತ್ತಿತ್ತು.

ಉತ್ತರಕ್ಕೆ ಸರಿಯುವ ಸೂರ್ಯ ನಮ್ಮ ಊರಿನ ನೇರ ನೆತ್ತಿಗೆ ಬರುವುದು ಏಪ್ರಿಲ್ 24-25ರ ಸುಮಾರಿಗೆ, ಮರಳುವಾಗ ಮತ್ತೊಮ್ಮೆ ಆಗಸ್ಟ್ 18ರ ಸುಮಾರಿಗೆ. ಶೂನ್ಯ ನೆರಳಿನ ದಿನ ಎನ್ನುತ್ತಾರೆ. ಅದೂ ಗಡಿಯಾರದ 12 ಗಂಟೆಗಲ್ಲ. ದೇಶಕ್ಕೆಲ್ಲ ಒಂದೇ ಸಮಯವೆಂದು ಹಿಡಿದದ್ದು 82.5 ಡಿಗ್ರಿ ಪೂರ್ವ ರೇಖಾಂಶದ ಹೊತ್ತನ್ನು. ನಾವು ಅದಕ್ಕಿಂತ ಸುಮಾರು 6 ಡಿಗ್ರಿ ಪಡುವಣಕ್ಕಿದ್ದೇವೆ, ಡಿಗ್ರಿಗೆ 4 ನಿಮಿಷದಂತೆ ಸೂರ್ಯ ತಡವಾಗಿ ತಲುಪುತ್ತಾನೆ. ಹಾಗಾಗಿ ಆ ದಿನ ನೆರಳು ಅಡಗುವುದು 12:20ರ ಹೊತ್ತಿಗೆ. ಇದನ್ನೆಲ್ಲ ನಾನು ಓದಿದ್ದು ಎಷ್ಟೋ ವರ್ಷದ ಮೇಲೆ. ಓದಿದ ಮೇಲೂ ಆ ಮಧ್ಯಾಹ್ನದ ಬೆರಗು ಒಂದಿಷ್ಟೂ ಕರಗಲಿಲ್ಲ. ಆ ಕಲ್ಲು ನಿಜವಾಗಿಯೂ ಸೂರ್ಯನ ದಾರಿಯನ್ನು ಅಳೆಯುತ್ತಿತ್ತಲ್ಲ ಎಂದು ಭಕ್ತಿ ಹೆಚ್ಚೇ ಆಯಿತು.

ಹೀಗೆ ಓದುವಾಗ ಸಿಕ್ಕವನು ಜುರ್ವಾನ್, ಪ್ರಾಚೀನ ಇರಾನಿನ ಕಾಲದೇವರು. ಏನೂ ಇಲ್ಲದಿದ್ದಾಗ ಅವನೊಬ್ಬನೇ ಇದ್ದನಂತೆ. ಮಗ ಬೇಕೆಂದು 1000 ವರ್ಷ ಯಜ್ಞ ಮಾಡಿದ. ಕೊನೆಗೊಮ್ಮೆ, ಇದು ಫಲಿಸುತ್ತದೆಯೋ ಇಲ್ಲವೋ ಎಂದು ಮನಸ್ಸು ಅಳುಕಿತು. ಯಜ್ಞದ ಫಲವಾಗಿ ಬೆಳಕಿನ ಒಹ್ರ್‌ಮಜ್ದ್ ಹುಟ್ಟಿದ, ಆ ಅಳುಕಿನಿಂದ ಕತ್ತಲೆಯ ಅಹ್ರಿಮಾನ್. ಇಬ್ಬರೂ ಒಂದೇ ಬಸಿರಿನ ಅವಳಿಗಳು. ನನಗೆ ಮರೆಯಲಾಗದ್ದು ಆ ಅವಳಿಗಳಲ್ಲ, ಕಾಯುತ್ತ ಕೂತ ಅಪ್ಪ. ಕಾಲನೇ ಮಗುವಿಗಾಗಿ ಸಾವಿರ ವರ್ಷ ಕಾದ. ‘ಬೇಗ ಓಡಪ್ಪ’ ಎಂದು ಕೇಳಿಕೊಳ್ಳಲು ಅವನಿಗೆ ಯಾರಿದ್ದರು?

ಅಜ್ಜಿ ಹೋಗಿ ಎಷ್ಟೋ ವರ್ಷವಾಯಿತು. ಈಚೆಗೆ ಏಪ್ರಿಲ್ ಕೊನೆಯಲ್ಲಿ ಊರಿಗೆ ಹೋಗಿದ್ದೆ. ಮೆದೆ ಇಲ್ಲ, ಕೊಟ್ಟಿಗೆ ಇಲ್ಲ. ಗುಂಡುಕಲ್ಲು ಅಲ್ಲೇ ನಿಂತಿದೆ, ಸ್ವಲ್ಪ ವಾಲಿದೆ. ನೆತ್ತಿಯ ಮೇಲೆ ಎಣ್ಣೆಯ ಜಿಡ್ಡು ಕಪ್ಪುಗಟ್ಟಿ ಮಿನುಗುತ್ತಿತ್ತು. ಒಂದು ಬೇಸಿಗೆಯ ಮಕ್ಕಳಾಟದಿಂದ ಬರುವಂಥ ಜಿಡ್ಡಲ್ಲ ಅದು. ಅತ್ತೆಯನ್ನು ಕೇಳಿದೆ.

“ನೀವ್ ಮಾಡ್ಬುಟ್ಟು ಹೋದ್ರಿ, ನಿಮ್ಮಜ್ಜಿ ಬುಡ್ಬೇಕಲ್ಲ” ಎಂದರು ಅತ್ತೆ. ಶಾಲೆ ಶುರುವಾಗಿ ನಾವು ಹೊರಟ ಮೇಲೆ, ಮುಂದಿನ ಬೇಸಿಗೆಯವರೆಗೂ, ಅಜ್ಜಿ ಸೋಮವಾರ ಸೋಮವಾರ ಕಲ್ಲಿಗೆ ಎಣ್ಣೆ ಹಚ್ಚಿ ಕಣಗಿಲೆ ಹೂ ಇಡುತ್ತಿದ್ದಳಂತೆ. “ಮಕ್ಳು ಬರೋ ಹೊತ್ತು ಬಿರ್‍ನೆ ಬರ್ಲಪ್ಪ ಅಂತ ಕೇಳ್ಕತಿದ್ರು.”

ಬೇಲಿಯ ಕಣಗಿಲೆ ಇನ್ನೂ ಇತ್ತು. ಒಂದು ಹೂ ಕಿತ್ತು ತಂದು, ಕಲ್ಲಿನ ನೆತ್ತಿಯ ಮೇಲಿಟ್ಟು, ನೆರಳು ಒಳಗೆ ಸರಿಯುವುದನ್ನು ನೋಡುತ್ತ ನಿಂತೆ. ಅತ್ತೆ ಬಿಸಿಲೆಂದು ಸೆರಗು ತಲೆಗೆ ಹೊದ್ದು ನನ್ನ ಪಕ್ಕದಲ್ಲೇ ನಿಂತರು.